ಮೂವತ್ತೊಂದನೆಯ ಗರಿಯ ಪ್ರಕಾರ

ಹಗಲು ಕಥೆ ಕೇಳಿದವರ ಸೋದರಮಾವ ದಾರಿ ತಪ್ಪುತ್ತಾನೆ ಎಂಬುದನ್ನು ನಮ್ಮ ಸೀಮೆಯ ಒಂದು ರಸ್ತೆ ತಪಾಸಣೆ ದಫ್ತರವು ೧೯೩೮ರಲ್ಲಿ ಅಧಿಕೃತವಾಗಿ ಒಪ್ಪಿಕೊಂಡಿತು. ಅಲ್ಲಿಯವರೆಗೆ ಇದನ್ನು ಮುದುಕಿಯರು ಮಾತ್ರ ಒಪ್ಪಿದ್ದರು.

ಕುಕನೂರಿನಾಚೆಯ ಹಳ್ಳದ ಮೋರಿ ಕುಸಿದು ಮೂರು ವರ್ಷವಾಗಿತ್ತು. ಅದನ್ನು ನೋಡಿಬರಲು ತಪಾಸಣೆ ಅಧಿಕಾರಿ ಕಳಕಪ್ಪನವರು ಹನ್ನೊಂದು ಸಲ ಸರಕಾರಿ ಟಾಂಗಾ ಏರಿ ಹೊರಟಿದ್ದರು. ಹನ್ನೊಂದು ಸಲವೂ ಟಾಂಗಾ ಅವರ ಬೀಗರ ಮನೆಯ ಮುಂದೆ ನಿಂತಿತ್ತು. ಒಳಗೆ ಹೋಳಿಗೆಯಾಗಿತ್ತು. ದಫ್ತರದ ಮುಖ್ಯಸ್ಥರಾದ ಮೊಹತಮಿಮ ಸಾಹೇಬರು ಕಾರಣ ಕೇಳಿದಾಗ ಕಳಕಪ್ಪನವರು ಒಂದು ತಾಳೆಗರಿಯ ಕಟ್ಟನ್ನು ಮೇಜಿನ ಮೇಲಿಟ್ಟರು.

ಅದು ಕಿನ್ನಾಳದ ಒಂದು ಅಟ್ಟದಲ್ಲಿ ಸಿಕ್ಕ ‘ಕಥಾಸ್ವಭಾವ ನಿರ್ಣಯ’. ಕಥೆ ಹೇಳುವವನಿಗಿಂತ ಕೇಳುವವನು ದೊಡ್ಡವನು, ಹೂಂಗುಡದವನ ಮುಂದೆ ಕಥೆ ಸಾಯುತ್ತದೆ, ಇತ್ಯಾದಿ ಮಾತುಗಳು ಅದರಲ್ಲಿದ್ದವು. ಹಗಲು ಕಥೆ ಕೇಳಿದವರ ಸೋದರಮಾವನ ಮಾತಿದ್ದ ಮೂವತ್ತೊಂದನೆಯ ಗರಿ ಮಾತ್ರ, ದಾರಿ ಎಂಬ ಪದವಿದ್ದುದರಿಂದ, ದಫ್ತರದ ವ್ಯಾಪ್ತಿಗೆ ಬಂತು.

“ಎಷ್ಟು ಹಳೇದಿದು?” ಎಂದರು ಮೊಹತಮಿಮರು.

“ಅರ್ಧ ಗೆದ್ದಲ ತಿಂದಾವ್ರಿ.”

“ಹಂಗಾದ್ರ ಖರೇನ ಇರಬೇಕು.”

ಕಳಕಪ್ಪನವರ ಅಕ್ಕನ ಮಗಳು ಭೀಮಕ್ಕ ಒಂದು ಹೊಲಕ್ಕೆ ಹತ್ತಿ ಬಿಡಿಸಲು ಹೋಗುತ್ತಿದ್ದಳು. ಆ ಹೊಲದಲ್ಲಿ ಪಕ್ಕೀರವ್ವ ಎಂಬಾಕೆ ದಿನವಿಡೀ ಕಥೆ ಹೇಳುತ್ತಿದ್ದಳು. ಕಥೆಯಿದ್ದರೆ ಹೆಂಗಸರ ಕೈ ಚುರುಕಾಗುತ್ತದೆಂದು ಹೊಲದ ಧಣಿ ಆಕೆಗೆ ದಿನಕ್ಕೆ ಎರಡು ಸೇರು ಜೋಳ ಅಳೆಯುತ್ತಿದ್ದ. ಅದರ ಮೇಲೆಯೇ ಆಕೆಯ ಮನೆ ನಡೆಯುತ್ತಿತ್ತು. ಆಕೆಯನ್ನು ದಫ್ತರಕ್ಕೆ ಕರೆಸಲಾಯಿತು.

“ನಿನ್ನ ಕಥಿಯಿಂದ ನಾ ದಾರಿ ತಪ್ಪೀನಿ,” ಎಂದರು ಕಳಕಪ್ಪನವರು.

“ನೀವು ಬರದಾಂಗಾಗಿ ಮೂರು ವರ್ಷ ಆತ್ರಿ ಸಾಹೇಬ್ರ. ನಾ ಕಥಿ ಹೇಳಾಕ ಹತ್ತಿದ್ದು ಈ ಸುಗ್ಗಿಗೆ.”

“ಹಿಂದ ಮುಂದ ಅಂತ ಪುಸ್ತಕದಾಗ ಬರದಿಲ್ಲ.”

ಮರುದಿನ ಡಂಗುರ ಸಾರಲಾಯಿತು: ‘ಹಗಲು ಕಥೆ ಹೇಳುವುದನ್ನು ನಿಷೇಧಿಸಲಾಗಿದೆ. ಸೋದರಮಾವ ಇಲ್ಲದವರು ಕೇಳಬಹುದು. ಆದರೆ ತಾನು ಇಲ್ಲವೆಂದು ಸದರಿ ಮಾವನೇ ಬರೆದುಕೊಟ್ಟ ಪತ್ರ ಹಾಜರುಪಡಿಸತಕ್ಕದ್ದು.’ ಅಂಥ ಪತ್ರವನ್ನು ಯಾರೂ ಹಾಜರುಪಡಿಸಲಿಲ್ಲ. ಪಕ್ಕೀರವ್ವನ ಜೋಳ ನಿಂತಿತು. ಬೀಸುವ ಕಲ್ಲನ್ನು ಆಕೆ ಗೋಡೆಗೆ ಆನಿಸಿಟ್ಟಳು.

ಎಂಟು ದಿನದಲ್ಲಿ ದಫ್ತರಕ್ಕೂ ಕಷ್ಟ ಬಂತು. ನಿಷೇಧಕ್ಕೆ ಮೊದಲೇ ಉಳಿದ ಅಧಿಕಾರಿಗಳೂ ತಮತಮಗೆ ಒಬ್ಬೊಬ್ಬ ಅಕ್ಕನ ಮಗಳನ್ನು ಆ ಹೊಲಕ್ಕೆ ಕಳಿಸಿ ದಾರಿ ತಪ್ಪಲು ಅರ್ಹತೆ ಪಡೆದಿದ್ದರು. ಕಥೆ ನಿಂತ ಮೇಲೆ ಯಾರಿಗೂ ದಾರಿ ತಪ್ಪಲು ಆಧಾರ ಉಳಿಯಲಿಲ್ಲ. ಕಳಕಪ್ಪನವರು ಹನ್ನೆರಡನೆಯ ಸಲ ಹೊರಟು, ಬೇರೆ ಉಪಾಯವಿಲ್ಲದೆ, ಹಳ್ಳ ಮುಟ್ಟಿದರು. ಅಲ್ಲಿ ಜನ ಅವರನ್ನು ಮೋರಿಯ ಬಗ್ಗೆ ಪ್ರಶ್ನೆ ಕೇಳಿದರು. ಇಂಥ ಅನಾಹುತ ಮತ್ತೆ ಆಗಬಾರದೆಂದು ಆದೇಶವನ್ನು ತಿದ್ದಲಾಯಿತು: ಸದರಿ ಹೊಲದಲ್ಲಿ ಹಗಲು ಕಥೆ ಕಡ್ಡಾಯ. ಪಕ್ಕೀರವ್ವ ಸರಕಾರಿ ನೌಕರಳಾದಳು. ಜೋಳ ನಾಲ್ಕು ಸೇರಾಯಿತು. ಕಥೆ ನಡೆದಿದೆ ಎಂದು ದಾಖಲಿಸಲು ಬದುವಿನ ಮೇಲೆ ಒಬ್ಬ ಜವಾನ ಕೂತ.

ಜವಾನ ನಿಷ್ಠಾವಂತ. ತಿಂಗಳೊಳಗೆ ಒಂದು ವರದಿ ಕೊಟ್ಟ. ಪಕ್ಕೀರವ್ವನ ಮಗಳೂ ಅದೇ ಸಾಲಿನಲ್ಲಿ ಕಥೆ ಕೇಳುತ್ತಾಳೆ. ಆದರೆ ಅವಳ ಸೋದರಮಾವ, ಅಂದರೆ ಪಕ್ಕೀರವ್ವನ ತಮ್ಮ ಗ್ಯಾನಪ್ಪ, ಪ್ರತಿದಿನ ಕೆಲಸ ಮುಗಿಸಿ ನೆಟ್ಟಗೆ ಮನೆ ಮುಟ್ಟುತ್ತಾನೆ.

ಅಕ್ಕ ತಮ್ಮ ಇಬ್ಬರನ್ನೂ ಕರೆಸಲಾಯಿತು.

“ಏನಪಾ ಇದು?” ಎಂದರು ಕಳಕಪ್ಪನವರು.

“ದಾರಿ ಗೊತ್ತೈತ್ರಿ.”

“ನಮಗೇನು ಗೊತ್ತಿಲ್ಲೇನು? ಆದ್ರೂ ತಪ್ಪಾಕ ಹತ್ತಿಲ್ಲ? ನೀ ಹಿಂಗ ನೆಟ್ಟಗ ಮನಿ ಮುಟ್ಟಿದ್ರ ಪುಸ್ತಕ ಸುಳ್ಳಾಗತೈತಿ. ಪುಸ್ತಕ ಸುಳ್ಳಾದ್ರ ನಿಮ್ಮಕ್ಕನ ನೌಕರಿ ಹೋಗತೈತಿ.”

ಗ್ಯಾನಪ್ಪ ಅಕ್ಕನ ಮುಖ ನೋಡಿದ.

“ತಪ್ಪು ತಮ್ಮಾ,” ಎಂದಳು ಪಕ್ಕೀರವ್ವ. “ಎರಡು ಹರದಾರಿ ಸುತ್ತಿದ್ರ ಕಾಲೇನು ಸವೀತಾವು? ರೊಟ್ಟಿ ನಾ ಕೊಡ್ತೀನಿ.”

ಅಂದಿನಿಂದ ಗ್ಯಾನಪ್ಪ ಕೆಲಸ ಮುಗಿದ ಮೇಲೆ ಮನೆಯ ದಾರಿ ಬಿಟ್ಟು ಕುಷ್ಟಗಿಯ ಕಡೆಗೆ ಹೊರಳತೊಡಗಿದ. ಮೊದಮೊದಲು ಎದುರಿಗೆ ಬಂದವರು ನಿಂತು ಕೇಳುತ್ತಿದ್ದರು:

“ಎಲ್ಲಿಗೋ ಗ್ಯಾನಪ್ಪ?”

“ದಾರಿ ತಪ್ಪಾಕ ಹೊಂಟೀನಿ.”

“ಲಗೂ ಹೋಗಿ ತಪ್ಪಿ ಬಾರಪಾ, ಕತ್ತಲಾದೀತು.”