ಆಕೆ ಗಂಡನ್ನ ಕಳಕೊಂಡ ಪಿಚ್ಚರು

ಮಧುಗಿರಿ ಬೆಟ್ಟದ ಮಗ್ಗುಲಲ್ಲಿ ಸಿನಿಮಾ ತೆಗೆದಾಗ ಹೀರೋಯಿನ್ನಿಗೆ ಗಂಡನಾಗಿದ್ದವನು ನಾನೇ. ಅಲ್ಲ ಅನ್ನೋಕೆ ಆ ಪಿಚ್ಚರಿನೋರು ಯಾರೂ ಈಗ ಉಳಿದಿಲ್ಲ. ಎತ್ತಿನ ಗಾಡಿ ಹೊಡೆಯೋನ ಪಾಲಿಗೆ ಇಂಥವು ಬರ್ತಾನೇ ಇರ್ತವೆ. ನನಗೆ ಅಕ್ಷರ ಬರಲ್ಲ; ನಾನು ಹೇಳ್ತೀನಿ, ಮೊಮ್ಮಗಳು ಬರ್ಕೋತಾಳೆ.

೧. ಕಳೆ

ಆ ನಟಿ ನಾಟಕದ ಕಂಪನಿ ಬಿಟ್ಟು ಬಂದೋಳು. "ಹೋಗು. ಪಿಚ್ಚರ್ ಬಿದ್ರೆ ವಾಪಸ್ ಬಾ, ಮುದುಕಿ ಪಾರ್ಟು ಇಟ್ಟಿರ್ತೀನಿ" ಅಂದಿದ್ದನಂತೆ ಕಂಪನಿ ಯಜಮಾನ. ಗಾಡೀಲಿ ಕೂತು ದಾರಿಯುದ್ದಕ್ಕೂ ಅದನ್ನೇ ಹೇಳಿದಳು.

ಪಿಚ್ಚರಿನೋರಿಗೆ ಸ್ಟುಡಿಯೋ ಇಲ್ಲ, ಕ್ಯಾಮೆರಾ ಬಾಡಿಗೇದು. ಬಡವನಹಳ್ಳಿ ಹತ್ರ ಕಡಲೆಕಾಯಿ ಹೊಲದಲ್ಲಿ ಇವಳು ರೈತನ ಹೆಂಡತಿ ವೇಷ ಹಾಕ್ಕೊಂಡು ನಿಂತಿದ್ದಳು. ಹೊಲದ ಗೌಡ್ತಿ ಬಂದು, "ಏನಮ್ಮಿ, ಬೆಟ್ಟ ನೋಡ್ಕಂಡು ನಿಂತಿದ್ದೀಯ? ಸಾಲು ಹಿಡಿ" ಅಂದಳು. ಇವಳು ಮಧ್ಯಾಹ್ನದ ತನಕ ಕಳೆ ಕಿತ್ತಳು. ಡೈರೆಕ್ಟ್ರು ಹುಡುಕ್ಕೊಂಡು ಬಂದಾಗ ಸೊಂಟ ಹಿಡ್ಕೊಂಡು ಎದ್ದು ಗೌಡ್ತೀನ ಕೇಳಿದಳು: "ಅಮ್ಮ, ನಾಳೆಗೂ ಕೆಲಸ ಐತಾ?"

೨. ಸಾವು

ಕಡೇಗೆ ತೆಗೆದ ಸೀನಲ್ಲಿ ಗಂಡ ಸತ್ತು ಅವಳು ಅಳಬೇಕು. ಉಳಿದಿದ್ದ ಫಿಲಂ ಒಂದೇ ಸಲಕ್ಕಾಗೋಷ್ಟು. ಕೆಟ್ಟರೆ ಪಿಚ್ಚರೂ ಇಲ್ಲ, ಅವಳಿಗೆ ಮುದುಕಿ ಪಾರ್ಟೇ ಗತಿ. ನಾನು ಚಾಪೆ ಮೇಲೆ ಉಸಿರು ಹಿಡಿದು ಮಲಗಿದ್ದೆ, ತಲೆಯಿಂದ ಕಾಲಿನ ತನಕ ಬಿಳೀ ಬಟ್ಟೆ.

ನಮ್ಮ ಕಡೆ ಸಾವಿನ ಮನೇಲಿ ಹೆಂಗಸು ಒಬ್ಬಳೇ ಅಳಬಾರದು. ಅವಳು ಬಾಯಿ ತೆಗೆದಿದ್ದೇ ತಡ, ಬೀದಿ ಹೆಂಗಸರೆಲ್ಲ ನುಗ್ಗಿ ಅವಳನ್ನ ತಬ್ಬಿ, ತಂತಮ್ಮ ಮನೇಲಿ ಸತ್ತೋರನ್ನೆಲ್ಲ ಕರೆದು ಹಾಡ್ಕೊಂಡು ಅತ್ತರು. ಕಲಿತ ಮಾತು ಮರೆತು ಅವಳೂ ನಿಜವಾಗಿ ಅತ್ತಳು. ಡೈರೆಕ್ಟ್ರು ನಿಲ್ಲಿಸಿ ಅನ್ನಲಿಲ್ಲ, ಅವರೂ ಅಳ್ತಿದ್ರು.

ಎಲ್ಲಾ ಮುಗಿದ ಮೇಲೆ ಒಬ್ಬ ಮುದುಕಿ ಮೂಗು ಒರೆಸ್ಕೊಂಡು ಅವಳನ್ನ ಕೇಳಿದಳು: "ಮದುವೆಯಾಗಿ ಎಷ್ಟು ವರ್ಷ ಆಗಿತ್ತವ್ವ?"

"ಗಂಡನ್ನ ಇವತ್ತು ಬೆಳಿಗ್ಗೆ ತಾನೆ ತಂದ್ರು ಕಣವ್ವ."

೩. ಟೆಂಟು

ಸಿರಾ ಟೆಂಟಲ್ಲಿ ಪಿಚ್ಚರ್ ಹಾಕಿದಾಗ ಕಂಪನಿ ಯಜಮಾನನೂ ಬಂದು ಹಿಂದೆ ಕೂತಿದ್ದ. ಅಳೋ ಸೀನಿಗೆ ಟೆಂಟಿಗೆ ಟೆಂಟೇ ಅತ್ತಿತು, ಅವನೂ ಟವಲಿಗೆ ಮುಖ ಒತ್ಕೊಂಡ. ಮುದುಕಿ ಪಾರ್ಟು ತಪ್ಪಿತು. ಆದ್ರೆ ಆಮೇಲೆ ಇಂಥ ಸಣ್ಣ ಪಿಚ್ಚರಿನೋರು ಅವಳನ್ನ ಕರೆದಾಗೆಲ್ಲ ಗಂಡ ಸಾಯೋ ಕತೆಯೇ. ಒಂದ್ಸಲ ಪಾವಗಡದ ಕಡೆ ಹೊರಟಾಗ ಗಾಡಿ ಹತ್ತುತ್ತಾ, "ಅಣ್ಣಾ, ಸಾಕಾಗೈತೆ. ಒಬ್ಬನಾದ್ರೂ ಇಂಟ್ರವಲ್ ದಾಟಬಾರದಾ?" ಅಂದಳು.

ನಾನು ಅಷ್ಟು ಚೆನ್ನಾಗಿ ಸಾಯಬಾರದಿತ್ತು ಅನ್ನಿಸ್ತು.

ಇಲ್ಲೀಗಂಟ ಬರೆದು ಮೊಮ್ಮಗಳು ಪೆನ್ನು ಇಟ್ಟಳು. "ತಾತ, ಅವತ್ತು ಅಳೋಕೆ ಹೋದೋರಲ್ಲಿ ಅಜ್ಜೀನೂ ಇದ್ದಳಂತೆ. ಬಟ್ಟೆ ಎತ್ತಿ ನೋಡಿದ್ಲಂತೆ. ಒಳಗಿದ್ದಿದ್ದು ಹುಲ್ಲಿನ ಬೊಂಬೆ ಅಂತ ನನ್ನ ಹತ್ರ ಹೇಳಿದ್ಲು."

ನಾನು ಎಲೆಅಡಿಕೆ ಬಾಯಿಗೆ ಹಾಕ್ಕೊಂಡೆ.

"ಹುಲ್ಲು ನಮ್ಮ ಗಾಡೀದೇ ಕಣಮ್ಮ."