ಹಾಲಬಾವಿ ಕೋಟೆಯ ಬಾಗಿಲು ತೆಗೆದವರು

ಈರಣ್ಣನವರು ಐತಿಹಾಸಿಕ ಕಾದಂಬರಿಕಾರರೆಂಬುದು ಪುಣೆಯ ಕನ್ನಡಿಗರಿಗೆಲ್ಲ ಗೊತ್ತಿತ್ತು. ಎದುರಿಗೆ ಸಿಕ್ಕವರಿಗೆಲ್ಲ ಅವರೇ ಹೇಳುತ್ತಿದ್ದರು. ಹಗಲು ಭೋಸರಿಯ ಕಾರ್ಖಾನೆಯೊಂದರಲ್ಲಿ ನಟ್ಟು ಬೋಲ್ಟುಗಳ ಸ್ಟಾಕು ನೋಡುವುದು, ಸಂಜೆ ಮನೆಗೆ ಬಂದು ಸಾಮ್ರಾಜ್ಯಗಳನ್ನು ಕಟ್ಟಿ ಕೆಡವುವುದು, ಇದು ಅವರ ದಿನಚರಿ. ಮೂರು ಕಾದಂಬರಿಗಳು ಅಚ್ಚಾಗಿದ್ದವು. ಮೂರನ್ನೂ ಅವರ ಹೆಂಡತಿ ಅಕ್ಕು ಓದಿರಲಿಲ್ಲ. (ಎರಡನೆಯದು ಮಾತ್ರ ಬೇಸಿಗೆಯಲ್ಲಿ ಅವಳ ಕೈಗೆ ಬರುತ್ತಿತ್ತು. ಟೆರೇಸಿನ ಮೇಲೆ ಶಾವಿಗೆ ಒಣಹಾಕಿದಾಗ ಬಟ್ಟೆ ಹಾರದಂತೆ ಇಡಲು ಅಷ್ಟು ತೂಕದ್ದು ಮನೆಯಲ್ಲಿ ಬೇರೊಂದಿರಲಿಲ್ಲ.) ಈ ನೋವು ಈರಣ್ಣನವರನ್ನು ಒಳಗೊಳಗೇ ಕೊರೆಯುತ್ತಿತ್ತು.

ನಾಲ್ಕನೆಯ ಕಾದಂಬರಿಗೆ ಅವರಿಗೊಂದು ದಿವ್ಯವಾದ ಉಪಾಯ ಹೊಳೆಯಿತು. ಕಥಾನಾಯಕನಿಗೆ ಹೆಂಡತಿಯ ತವರಿನ ಅಡ್ಡಹೆಸರನ್ನೇ ಇಟ್ಟುಬಿಟ್ಟರು: ಸೇನಾನಿ ಚನ್ನವೀರ ಹಾಲಬಾವಿ. ಅಂಥ ಸೇನಾನಿ ಭೂಮಿಯ ಮೇಲೆ ಇರಲಿಲ್ಲ. ಅವನ ಹಾಲಬಾವಿ ಕೋಟೆಯೂ ಇರಲಿಲ್ಲ. ಹಾಲಬಾವಿ ಎಂದು ಇದ್ದದ್ದು ಒಂದೇ ಕಡೆ, ಪುಣೆ ಕ್ಯಾಂಪಿನಲ್ಲಿ ಮಾವ ಬಸವಲಿಂಗಪ್ಪನವರ ಸೀರೆ ಅಂಗಡಿಯ ಬೋರ್ಡಿನ ಮೇಲೆ. ಪ್ರತಿ ದೀಪಾವಳಿ ಪಾಡ್ಯದಂದು ಆ ಅಂಗಡಿಯ ಶಟರು ಎತ್ತುವ ಮಾನ ಅಳಿಯ ಈರಣ್ಣನವರದಾಗಿತ್ತು.

ಕನ್ನಡ ಸಂಘದ ಮಾಸಿಕದಲ್ಲಿ ಧಾರಾವಾಹಿ ಶುರುವಾಯಿತು. ಅಕ್ಕು ಓದಿದಳು. ಒಲೆಯ ಮೇಲೆ ಸಾರು ಉಕ್ಕಿದರೂ ಓದಿದಳು. ತವರಿಗೆ ಫೋನು ಹಚ್ಚಿ ಗಟ್ಟಿಯಾಗಿ ಓದಿ ಹೇಳಿದಳು. ಈರಣ್ಣನವರಿಗೆ ಜನ್ಮ ಸಾರ್ಥಕವಾಯಿತೆನಿಸಿತು.

ಆಮೇಲೆ ಅಂಗಡಿಯ ಬೋರ್ಡಿಗೆ 'ವೀರ ಸೇನಾನಿ ಚನ್ನವೀರ ವಂಶಸ್ಥರು' ಎಂಬುದು ಕನ್ನಡದಲ್ಲೂ ಮರಾಠಿಯಲ್ಲೂ ಸೇರಿತು. ಗಲ್ಲಾಪೆಟ್ಟಿಗೆಯ ಮೇಲೆ ಸೇನಾನಿಯ ಚಿತ್ರವೂ ಬಂತು. ಮಾವನವರ ಫೋಟೋಕ್ಕೆ ಪೇಟ, ಕತ್ತಿ ಸೇರಿಸಿ ಅಕ್ಕುವಿನ ತಮ್ಮ ಮಾಂತು ಕಂಪ್ಯೂಟರಿನಲ್ಲಿ ಮಾಡಿಸಿದ್ದು. ದಿನಾ ಬೆಳಿಗ್ಗೆ ಅದಕ್ಕೆ ಊದಿನಕಡ್ಡಿ.

"ನಮ್ಮ ಮನಿತನದ ಹೆಣ್ಮಕ್ಕಳು ಕತ್ತಿ ಹಿಡದೋರು. ಇವತ್ತ ಮುಸುರಿ ಭಾಂಡೆ ನೀವ ತಿಕ್ಕ್ರಿ," ಎಂದಳು ಅಕ್ಕು. (ಅವರ ಕೈಗೆ ಕತ್ತಿ ಕೊಟ್ಟವರು ಈರಣ್ಣನವರೇ, ಆರನೆಯ ಕಂತಿನಲ್ಲಿ.)

ತೊಡಕು ಬಂದದ್ದು ಕೊನೆಯ ಅಧ್ಯಾಯಕ್ಕೆ. ಅದರಲ್ಲಿ ಚನ್ನವೀರನೇ ಆಸೆಗೆ ಬಿದ್ದು ಶತ್ರುವಿಗೆ ಕೋಟೆಯ ಬಾಗಿಲು ತೆಗೆಯುತ್ತಾನೆ. ಆ ಒಂದು ಪುಟಕ್ಕಾಗಿಯೇ ಈರಣ್ಣನವರು ಇಡೀ ಕಾದಂಬರಿ ಬರೆದಿದ್ದರು. ಸಂಪಾದಕರಿಗೆ ಕಳಿಸುವ ಮೊದಲೇ ಅಕ್ಕು ಅದನ್ನು ಓದಿಬಿಟ್ಟಳು.

ಭಾನುವಾರ ಮಾವ ಮತ್ತು ಮಾಂತು ಬಂದರು. ಯಾವಾಗ ಬಂದರೂ ತಿನ್ನಲು ಬಾಕರವಡಿ ತರುವ ಮಾವ ಅಂದು ಬರಿಗೈಲಿ ಬಂದಿದ್ದರು.

"ಅಳಿಯಂದ್ರ, ನಮ್ಮ ವಂಶದ ಮುತ್ಯಾ ಕೋಟಿ ಬಾಗಲಾ ತಗದಾ ಅಂತ ಬರದೀರಂತ?"

"ಮಾವಾರ, ಅಂವ ನಿಮ್ಮ ಮುತ್ಯಾ ಅಲ್ರಿ. ನಾ ತಲಿಯೊಳಗಿಂದ ಹುಟ್ಟಿಸಿದಾಂವ."

"ಏನ್ ಮಾತ ರೀ ಇವು! ನಮ್ಮ ಮುತ್ಯಾನ್ನ ನೀವು ಹುಟ್ಟಿಸಿದ್ರಿ?" ಅಕ್ಕು ಸೆರಗಿನಿಂದ ಕಣ್ಣೊರೆಸಿಕೊಂಡಳು.

"ಅಂವ ಬಾಗಲಾ ತಗದಾ ಅನ್ನಾಕ ಆಧಾರ ಏನದ ಮಾಮಾ? ಪುರಾವಾ ತೋರಸ್ರಿ," ಎಂದ ಮಾಂತು.

"ಅಂವ ಇದ್ದಾ ಅನ್ನಾಕ ಆಧಾರ ಇಲ್ಲೋ ಮಾಂತು!"

"ಅದಕ್ಕ ಆಧಾರ ಯಾಕ ಬೇಕ್ರಿ? ಅಂಗಡ್ಯಾಗ ಫೋಟೋ ಅದ."

ಈರಣ್ಣನವರು ಸಾಹಿತ್ಯದ ಮಾನ ಕಾಯಲು ಕೊನೆಯ ಬಾಣ ಬಿಟ್ಟರು. "ಕೋಟಿ ಬೀಳಾಕ ಬೇಕ್ರಿ. ಬಾಗಲಾ ಯಾರರೆ ಒಬ್ಬರು ತಗೀಲೇಬೇಕು."

ಮಾವನವರು ಸೀರೆಗೆ ದರ ಹೇಳುವ ಮುಂಚೆ ಮಾಡುವಂತೆ ಮೀಸೆ ತೀಡಿ ಯೋಚಿಸಿದರು.

"ಸೇನಾನಿಗೆ ಅಳಿಯಾ ಇದ್ದಾನೇನ್ರಿ?"

"ಒಬ್ಬಾಂವ ಇದ್ದಾನ್ರಿ."

"ಮತ್ತ್ಯಾತರ ಚಿಂತಿ? ಅಂವ ತಗೀಲಿ."

ಎಲ್ಲರಿಗೂ ಹಾಯೆನಿಸಿತು, ಈರಣ್ಣನವರೊಬ್ಬರನ್ನು ಬಿಟ್ಟು. ಅವರು ಬಾಯಿ ತೆರೆಯುವಷ್ಟರಲ್ಲಿ ಅಕ್ಕು ಮೆಲ್ಲಗೆ, "ಮುತ್ಯಾನ ಹೆಸರ ಕೆಡಿಸಿದ್ರ ನಿಮ್ಮ ಕಾದಂಬರಿ ನಾ ಇನ್ನ ಮುಟ್ಟಂಗಿಲ್ಲ," ಎಂದಳು. ಈರಣ್ಣನವರಿಗೆ ಓದುಗರ ಸಂಪತ್ತು ಅಷ್ಟೇನೂ ಇರಲಿಲ್ಲ. ಬರೆದುಕೊಟ್ಟರು.

ಹೊಟ್ಟೆಯ ಸಂಕಟವನ್ನೆಲ್ಲ ಆ ಪುಟದಲ್ಲಿ ಸುರಿದು ಬರೆದರು. ಮಾವನ ಅನ್ನ ಉಂಡು, ನಗುನಗುತ್ತ ಕೀಲಿ ಕೇಳಿ ಇಸಿದುಕೊಂಡು, ಕೋಟೆಯ ಬಾಗಿಲು ತೆಗೆಯುವ ಆ ಅಳಿಯನನ್ನು ಓದಿ ಹಾಲಬಾವಿ ಬಳಗವೆಲ್ಲ ಹಲ್ಲು ಕಡಿಯಿತು. ಇಂಥ ಜೀವಂತ ಪಾತ್ರವನ್ನು ತಾವು ಹಿಂದೆಂದೂ ಸೃಷ್ಟಿಸಿಲ್ಲವೆಂದು ಈರಣ್ಣನವರಿಗೇ ಹೆಮ್ಮೆಯಾಯಿತು.

ದೀಪಾವಳಿ ಪಾಡ್ಯ ಬಂತು. ಹೊಸ ಧೋತರ ಉಟ್ಟು, ಅಕ್ಕುವನ್ನು ಕರೆದುಕೊಂಡು ಅವರು ಕ್ಯಾಂಪಿಗೆ ಹೋದರು. ಅಂಗಡಿಯ ಮುಂದೆ ಬಳಗವೆಲ್ಲ ನೆರೆದಿತ್ತು. ಈರಣ್ಣನವರು ಪ್ರತಿ ವರ್ಷದಂತೆ ನಗುನಗುತ್ತ ಶಟರಿನ ಕೀಲಿಗೆ ಕೈ ಚಾಚಿದರು.

ಮಾವನವರು ಕೀಲಿಯನ್ನು ಹಿಂದಕ್ಕೆಳೆದುಕೊಂಡರು.

"ಬ್ಯಾಡ್ರಿ ಅಳಿಯಂದ್ರ. ಬಾಗಲದ ಕೆಲಸಾ ನಿಮಗ ಬ್ಯಾಡ. ಮಾಂತು, ನೀ ತಗೀಪಾ."

ಶಟರು ಮೇಲೇರಿತು. ಈರಣ್ಣನವರು ಚಾಚಿದ ಕೈಯನ್ನು ಏನು ಮಾಡುವುದೆಂದು ತಿಳಿಯದೆ ಹೆಂಡತಿಯ ಕಡೆಗೆ ನೋಡಿದರು. ಅಕ್ಕು ಪರ್ಸನ್ನು ಬಗಲಿಗೆ ಎಳೆದುಕೊಂಡು, ಮನೆಯ ಕೀಲಿ ಅದರಲ್ಲಿದೆಯೋ ಇಲ್ಲವೋ ಎಂದು ಮುಟ್ಟಿ ನೋಡಿಕೊಳ್ಳುತ್ತಿದ್ದಳು.