ದೇವಿಂದ್ರ ಮಾಸ್ತರ ತುದಿಗಾಲಲ್ಲಿ ನಿಂತದ್ದು

ತಪ್ಪೆಲ್ಲ ಒಂದು ಕಾಲಮ್ಮಿನದು. ಮೂರು ವರ್ಷದ ಹಿಂದೆ ಶಿಕ್ಷಕರೆಲ್ಲರೂ ತಮ್ಮ ವಿವರಗಳನ್ನು ಆನ್‌ಲೈನಿನಲ್ಲಿ ತುಂಬಬೇಕೆಂದು ಇಲಾಖೆಯಿಂದ ಆದೇಶ ಬಂದಾಗ, ವಾಡಿಯ ಪ್ರೌಢಶಾಲೆಯೊಂದರ ಗಣಿತ ಮಾಸ್ತರ ದೇವಿಂದ್ರ, ಸ್ಟೇಶನ್ನಿನ ಎದುರಿಗಿರುವ ಕಲೀಮನ ಕಂಪ್ಯೂಟರ್ ಅಂಗಡಿಗೆ ಹೋಗಿದ್ದ. ಹೆಸರು, ಹುಟ್ಟಿದ ತಾರೀಖು, ಸೇವೆಗೆ ಸೇರಿದ ದಿನ ಎಲ್ಲ ಸುಸೂತ್ರವಾಗಿ ನಡೆಯಿತು. ‘ವಿಶೇಷ ಕೌಶಲ’ ಎಂಬಲ್ಲಿ ಗಾಡಿ ನಿಂತಿತು.

“ನನಗ ವಿಶೇಷ ಏನೂ ಇಲ್ಲಪ್ಪ. ಖಾಲಿ ಬಿಡು,” ಎಂದ ದೇವಿಂದ್ರ.

“ಖಾಲಿ ಬಿಟ್ರ ಮುಂದ ಹೋಗ್ಲಾಕ ಬಿಡಂಗಿಲ್ಲ ಸರ್. ಏನರೆ ಒಂದು ಒತ್ತಬೇಕು.”

ಹಿಂದೆ ಹದಿನೇಳು ಮಂದಿ ಕಾಯುತ್ತಿದ್ದರು. ಕಲೀಮ್ ಪಟ್ಟಿಯಲ್ಲಿ ಕಂಡದ್ದೊಂದನ್ನು ಒತ್ತಿದ. ಏನನ್ನು ಒತ್ತಿದೆ ಎಂದು ದೇವಿಂದ್ರ ಕೇಳಲೂ ಇಲ್ಲ. ಸರ್ಕಾರಿ ಅರ್ಜಿಯಲ್ಲಿ ತುಂಬಿದ್ದನ್ನು ಯಾರಾದರೂ ಓದುತ್ತಾರೆಂಬ ಕಲ್ಪನೆ ಪಾಪ, ಅವನಿಗಿರಲಿಲ್ಲ.

ಅವನ ಚಿಂತೆಯೇ ಬೇರೆ. ಹೆಂಡತಿ ಲುಂಬಿನಿ ತೆಂಗಳಿಯ ಆಸ್ಪತ್ರೆಯಲ್ಲಿ ನರ್ಸು. ಅವಳು ಅಲ್ಲಿ, ಇವನು ಇಲ್ಲಿ. ಮದುವೆಯಾಗಿ ಆರು ವರ್ಷವಾದರೂ ಇವನದು ವಾರಕ್ಕೆ ಒಂದೂವರೆ ದಿನದ ಸಂಸಾರ. ನಾಲ್ಕು ವರ್ಷದ ಮಗಳು ಅವನನ್ನು ‘ಐತ್ವಾರದ ಪಪ್ಪ’ ಎಂದೇ ಕರೆಯುತ್ತಿದ್ದಳು. ತೆಂಗಳಿಗೆ ವರ್ಗ ಮಾಡಿರೆಂದು ಆ ಮೂರು ವರ್ಷದಲ್ಲಿ ಮೂರು ಸಲ ಅರ್ಜಿ ಹಾಕಿದ್ದ. ಮೂರೂ ಸಲ ಕಾರಣವನ್ನೇ ಹೇಳದೆ ಅರ್ಜಿ ಮರಳಿ ಬಂದಿತ್ತು.

ಹೀಗಿರಲು ಒಂದು ಬುಧವಾರ ಬೆಳಿಗ್ಗೆ ಪ್ರಾರ್ಥನೆ ಮುಗಿಯುತ್ತಲೇ ಮುಖ್ಯೋಪಾಧ್ಯಾಯಿನಿ ಹಸೀನಾಬೇಗಂ ಅವನನ್ನು ಕರೆಸಿದರು. ವಾಟ್ಸಾಪಿನಲ್ಲಿ ಬಂದ ಪತ್ರವನ್ನು ಅವರು ಎರಡು ಸಲ ಓದಿ, ಕನ್ನಡಕ ತೆಗೆದು, ಅವನನ್ನು ಅಡಿಯಿಂದ ಮುಡಿಯವರೆಗೆ ನೋಡಿದರು.

“ಮಾಸ್ತರ್, ನೀವು ಡ್ಯಾನ್ಸ್ ಮಾಡ್ತೀರಿ ಅಂತ ನಮಗ ಹೇಳೇ ಇಲ್ಲಲ್ರಿ.”

ಪತ್ರದ ಸಾರಾಂಶ ಇಷ್ಟು: ಅಂದು ಮಧ್ಯಾಹ್ನ ಮೂರು ಗಂಟೆಗೆ ಇಲಾಖೆಯ ಸಾಯಿಕುಮಾರ ಸಾಹೇಬರು ಶಾಲೆಗೆ ಬರುತ್ತಾರೆ. ಅವರ ಸಮಕ್ಷಮದಲ್ಲಿ ‘ಪಾಶ್ಚಾತ್ಯ ನೃತ್ಯ ಪರಿಣತ’ ಶ್ರೀ ದೇವಿಂದ್ರ ಅವರು ‘ಬ್ಯಾಲೆಯಿಂದ ಜಾಝ್‌ವರೆಗೆ: ನೃತ್ಯದ ಇತಿಹಾಸ ಮತ್ತು ಕಲೆ’ ಎಂಬ ವಿಷಯವಾಗಿ ಪ್ರಾತ್ಯಕ್ಷಿಕೆ ಸಹಿತ ಉಪನ್ಯಾಸ ನೀಡತಕ್ಕದ್ದು. ಎರಡನೆಯ ಪುಟವೂ ಒಂದಿತ್ತು. ಆದರೆ ನೆಟ್‌ವರ್ಕ್ ಕೈಕೊಟ್ಟು ಅದು ಗಿರಗಿರ ತಿರುಗುತ್ತಲೇ ಇತ್ತು. ಮೊದಲ ಪುಟವೇ ಸಾಕಷ್ಟು ಕೆಲಸ ಕೊಟ್ಟಿದ್ದರಿಂದ ಯಾರೂ ಅದರ ದಾರಿ ಕಾಯಲಿಲ್ಲ.

“ಮೇಡಂ, ಇದು ಕಲೀಮ್ ಒತ್ತಿದ್ದು. ನನಗ ಕುಣಿಲಾಕ ಬರಂಗಿಲ್ಲ. ಸಾಹೇಬರಿಗಿ ಖರೆ ಹೇಳಿಬಿಡ್ತೀನಿ.”

“ಹುಚ್ಚಗಿಚ್ಚ ಹಿಡದಾದೇನ್ರಿ? ಸುಳ್ಳು ಮಾಹಿತಿ ಕೊಟ್ಟೀರಿ ಅಂತ ನೋಟೀಸ್ ಕೊಡ್ತಾರ. ವರ್ಗಾವಣಿ ಫೈಲಿಗೆ ಸಹಿ ಹಾಕೋರು ಇವರೇ. ಸಾಹೇಬರು ಖುಷ್ ಆದ್ರ ತೆಂಗಳಿ ನಿಮ್ಮದು. ನೋಡ್ಕೋರಿ ಮತ್ತ.”

ತೆಂಗಳಿ ಎಂಬ ಮಾತು ಕಿವಿಗೆ ಬಿದ್ದದ್ದೇ ತಡ, ದೇವಿಂದ್ರನ ಸತ್ಯಸಂಧತೆ ಅಲ್ಲೇ ತಣ್ಣಗಾಯಿತು.

ಸುದ್ದಿ ಶಿಕ್ಷಕರ ಕೋಣೆಗೆ ಹಬ್ಬಿತು. ಇಂಗ್ಲಿಷ್ ಕಲಿಸುವ ನಗ್ಮಾ ಮೇಡಂ ಫೋನಿನಲ್ಲಿ ಹುಡುಕಿ ನೃತ್ಯದ ಇತಿಹಾಸವನ್ನು ಓದಿ ಹೇಳತೊಡಗಿದರು. ಬ್ಯಾಲೆ ಹುಟ್ಟಿದ್ದು ಇಟಲಿಯ ಅರಮನೆಗಳಲ್ಲಿ, ಬೆಳೆದದ್ದು ಫ್ರಾನ್ಸಿನಲ್ಲಿ. ಅಲ್ಲಿ ರಾಜನೇ ಕುಣಿಯುತ್ತಿದ್ದ. ಮುಂದೆ ಅದು ರಷ್ಯಾಕ್ಕೆ ಹೋಗಿ ದೊಡ್ಡ ಹೆಸರು ಮಾಡಿತು. ದೇವಿಂದ್ರ ಇದನ್ನೆಲ್ಲ ಸೂತ್ರದಂತೆ ಬಾಯಿಪಾಠ ಮಾಡಿದ.

“ಬಾಯಿಪಾಠ ಆಯ್ತು, ಕಾಲಿಂದೇನು?” ಎಂದ ದೈಹಿಕ ಶಿಕ್ಷಕ ನಾಮದೇವ. “ಬ್ಯಾಲೆದಾಗ ತುದಿಗಾಲ ಮ್ಯಾಲ ನಿಂದ್ರಬೇಕು. ಫಿಕರ್ ಮಾಡಬ್ಯಾಡ್ರಿ, ನಾ ಇದ್ದೀನಿ.”

ನಾಮದೇವ ಇದ್ದಾನೆಂಬುದೇ ಫಿಕರಿನ ಸಂಗತಿ. ಅವನು ಎರಡು ಕ್ಯಾನ್ವಾಸ್ ಬೂಟುಗಳ ತುದಿಗೆ ಪ್ರಥಮ ಚಿಕಿತ್ಸೆಯ ಪೆಟ್ಟಿಗೆಯ ಹತ್ತಿಯನ್ನೆಲ್ಲ ತುರುಕಿ, ಅದರೊಳಗೆ ದೇವಿಂದ್ರನ ಕಾಲು ತೂರಿಸಿ, ರಟ್ಟೆ ಹಿಡಿದು ಎತ್ತಿ ನಿಲ್ಲಿಸಿದ. ದೇವಿಂದ್ರ ಗೋಡೆ ಹಿಡಿದು ನಾಲ್ಕು ಹೆಜ್ಜೆ ಹಾಕುವಷ್ಟರಲ್ಲಿ ಬಿಸಿಯೂಟದ ಲಾಲಮ್ಮ ಕಂಡಳು.

“ಅಯ್ಯ, ಮಾಸ್ತರಿಗಿ ಮುಳ್ಳ ಚುಚ್ಯಾದೇನ್ರಿ? ಕುಂದ್ರಿ, ಸೂಜಿ ತರ್ತೀನಿ,” ಎಂದವಳು ತಂದೇಬಿಟ್ಟಳು. ಮುಳ್ಳಿಲ್ಲವೆಂದು ಅವಳನ್ನು ನಂಬಿಸಲು ಹತ್ತು ನಿಮಿಷ ಹಿಡಿಯಿತು. ಸಾಹೇಬರು ಬರುತ್ತಾರೆಂದು ತಿಳಿದ ಮೇಲೆ ಅವಳು ಸಭಾಂಗಣದ ಶಹಾಬಾದಿ ಫರಸಿಕಲ್ಲಿನ ನೆಲವನ್ನು ಮುಖ ಕಾಣುವ ಹಾಗೆ ತೊಳೆದಿಟ್ಟಳು.

ಮೂರಕ್ಕೆ ಸರಿಯಾಗಿ ಸಾಯಿಕುಮಾರ ಸಾಹೇಬರು ಬಂದರು. ನಗದ ಮುಖ, ಬಗಲಲ್ಲೊಂದು ಚರ್ಮದ ಚೀಲ. ಮುಂದಿನ ಕುರ್ಚಿಯಲ್ಲಿ ಕುಳಿತು, “ಶುರು ಮಾಡ್ರಿ,” ಎಂದರು.

ಇಟಲಿ, ಫ್ರಾನ್ಸ್, ರಷ್ಯಾ ಎಲ್ಲ ಸುಖವಾಗಿ ಕಳೆದವು. “ಈಗ ತುದಿಗಾಲಿನ ಪ್ರಾತ್ಯಕ್ಷಿಕೆ,” ಎಂದು ದೇವಿಂದ್ರ ಕಾಲೆತ್ತಿದ. ಹತ್ತಿಯ ಬೂಟು, ಹಸಿ ಆರದ ಫರಸಿ. ಕಾಲು ಜಾರಿತು. ಬೀಳಬಾರದೆಂದು ಕೈ ಚಾಚಿದವನು ಬುಗುರಿಯಂತೆ ಎರಡೂವರೆ ಸುತ್ತು ತಿರುಗಿ, ಒಂದು ಮೊಣಕಾಲೂರಿ, ಸರಿಯಾಗಿ ಸಾಹೇಬರ ಮುಂದೆ ಕೈ ಚಾಚಿದ ಭಂಗಿಯಲ್ಲೇ ನಿಂತ. ಸಭಾಂಗಣವೆಲ್ಲ ಚಪ್ಪಾಳೆ. ಸಾಹೇಬರ ಹುಬ್ಬು ಮೇಲೇರಿತು.

ಉಳಿದದ್ದು ಜಾಝ್. ಕಪ್ಪು ಜನರನ್ನು ಆಫ್ರಿಕಾದಿಂದ ಗುಲಾಮರಾಗಿ ಅಮೆರಿಕಕ್ಕೆ ಒಯ್ದರು, ಅಲ್ಲಿ ಅವರ ನಗಾರಿಗಳನ್ನೂ ಕಿತ್ತುಕೊಂಡರು, ಆಗ ಅವರು ಚಪ್ಪಾಳೆಯಲ್ಲೂ ಹೆಜ್ಜೆಯಲ್ಲೂ ತಾಳ ಹಿಡಿದರು, ಮುಂದೆ ಆ ಹೆಜ್ಜೆಗಳಿಂದಲೇ ಜಾಝ್ ಕುಣಿತ ಬಂತು ಎಂದು ಹೇಳುವಾಗ ದೇವಿಂದ್ರನಿಗೆ ಬಾಯಿಪಾಠ ಮರೆತುಹೋಯಿತು. ತನ್ನೂರು ಐನಾಪುರದಲ್ಲಿ ಹಲಗೆ ಬಾರಿಸುತ್ತಿದ್ದ ತನ್ನ ಅಜ್ಜ ನೆನಪಾದ. ಊರಿಗೆ ಅಜ್ಜನ ಹಲಗೆ ಬೇಕಿತ್ತು, ಅಜ್ಜ ಬೇಕಿರಲಿಲ್ಲ. ಮೊಹರಮ್ಮಿನ ಅಲಾಯಿ ಕುಣಿತದಲ್ಲಿ ಮಾತ್ರ ಅಜ್ಜ ಎಲ್ಲರ ನಡುವೆ ಎದೆಯೆತ್ತಿ ಕುಣಿಯುತ್ತಿದ್ದ. ದೇವಿಂದ್ರ ಬೂಟು ಬಿಚ್ಚಿ ಬದಿಗಿಟ್ಟ.

“ನಾಮದೇವ, ಪರೇಡಿನ ಡ್ರಮ್ ತಂದು ಬಾರಿಸು,” ಎಂದ.

ಆಮೇಲೆ ಕುಣಿದದ್ದು ಜಾಝೋ, ಅಲಾಯಿಯೋ, ಅವನಿಗೇ ಗೊತ್ತಿಲ್ಲ. ಮೂವತ್ತು ವರ್ಷ ಕಾಲಲ್ಲಿ ಮಲಗಿದ್ದದ್ದು ಎದ್ದು ಬಂದಂತಿತ್ತು. ಮಕ್ಕಳು ಎದ್ದರು, ನಗ್ಮಾ ಮೇಡಂ ಎದ್ದರು, ಹಸೀನಾಬೇಗಂ ಕುಳಿತಲ್ಲೇ ತಾಳ ಹಾಕಿದರು. ನಗದ ಸಾಹೇಬರ ಕಣ್ಣು ಒದ್ದೆಯಾಯಿತು. ನಿಜ ಹೇಳಬೇಕೆಂದರೆ ದೇವಿಂದ್ರ ಆ ದಿನ ಅದ್ಭುತವಾಗಿಯೇ ಕುಣಿದ.

ಕುಣಿತ ಮುಗಿದ ಮೇಲೆ ಸಾಹೇಬರು ಅವನ ಎರಡೂ ಕೈ ಹಿಡಿದುಕೊಂಡರು. “ಮಾಸ್ತರ್, ಮಾಫ್ ಮಾಡ್ರಿ. ನಿಮಗ ಕುಣಿಲಾಕ ಬರಂಗಿಲ್ಲ ಅಂತ ತಿಳ್ಕೊಂಡೇ ನಾನು ಬಂದಿದ್ದೆ. ಎರಡನೇ ಪುಟದಾಗ ಎಲ್ಲಾ ಬರದಿತ್ತಲ್ರಿ.”

“ಏನು ಬರದಿತ್ರಿ ಸಾಹೇಬ್ರ?”

“ವಿಶೇಷ ಕೌಶಲ ಇದ್ದವರನ್ನ ಆ ಸಾಲಿ ಬಿಟ್ಟು ಕಳಿಸಬಾರದು ಅಂತ ನಿಯಮ ಅದ. ಅದಕ್ಕೇ ನಿಮ್ಮ ಮೂರೂ ಅರ್ಜಿ ವಾಪಸ್ ಬಂದಿದ್ವು. ಹೋದ ತಿಂಗಳ ನಿಮ್ಮ ಮನಿಯವರು ಆಫೀಸಿನಾಗ ಇದನ್ನ ಕೇಳಿ ತಿಳ್ಕೊಂಡು ಪತ್ರ ಬರದಿದ್ರು. ನಮ್ಮ ಯಜಮಾನರು ಸ್ವಂತ ಮದುವಿ ಮೆರವಣಿಗಿದಾಗೂ ಕುಣಿದಿಲ್ಲ, ಬೇಕಂದ್ರ ಬಂದು ನೋಡ್ರಿ ಅಂತ. ಅದಕ ನೋಡ್ಲಾಕ ಬಂದೆ.” ಸಾಹೇಬರು ಚೀಲದಿಂದ ಒಂದು ಹಾಳೆ ತೆಗೆದರು. ತೆಂಗಳಿಗೆ ವರ್ಗದ ಆದೇಶ, ಸಹಿ ಹಾಕಿಯೇ ತಂದಿದ್ದರು. ಅದನ್ನು ನಿಧಾನವಾಗಿ ನಾಲ್ಕು ತುಂಡು ಮಾಡಿದರು. “ಇಂಥ ಕಲಾವಿದರನ್ನ ಈ ಮಕ್ಕಳಿಂದ ಕಸಕೊಂಡ್ರ ದೇವರು ಮೆಚ್ಚಂಗಿಲ್ಲ. ಪರಿಣತಿ ಖುದ್ದು ನೋಡೀನಿ ಅಂತ ಬರಕೊಡ್ತೀನಿ. ರಿಟೈರ್ ಆಗೋತನ ನಿಮ್ಮನ್ನ ಇಲ್ಲಿಂದ ಯಾರೂ ಅಲುಗಾಡಸಂಗಿಲ್ಲ.”

“ಸಾಹೇಬ್ರ, ಖರೇನೇ ನನಗ ಕುಣಿಲಾಕ ಬರಂಗಿಲ್ರಿ,” ಎಂದ ದೇವಿಂದ್ರ, ಅಳುವುದೊಂದೇ ಬಾಕಿ.

“ದೊಡ್ಡ ಕಲಾವಿದರೆಲ್ಲಾ ಹಿಂಗೇ ಅಂತಾರ,” ಎಂದು ಸಾಹೇಬರು ಹಸೀನಾಬೇಗಂ ಕಡೆ ತಿರುಗಿ ಮೆಚ್ಚುಗೆಯಿಂದ ತಲೆಯಾಡಿಸಿದರು.

ಜೀಪು ಗೇಟು ದಾಟುತ್ತಲೇ ಫೋನ್ ಬಂತು. ಲುಂಬಿನಿ.

“ರೀ, ಸಾಹೇಬರು ಬಂದಿದ್ರೇನ್ರಿ? ಮೊದಲೇ ಹೇಳಿದ್ರ ನೀವು ಗಾಬರ್ಯಾಗಿ ಏನರೆ ಎಡವಟ್ಟ ಮಾಡ್ತೀರಿ ಅಂತ ಸುಮ್ಮನಿದ್ದೆ. ಇಲ್ಲಿ ದೊಡ್ಡ ಮನಿ ನೋಡೀನಿ, ಪಾಪುಗೂ ಹೇಳೀನಿ. ಹೆಂಗಾಯ್ತು?”

ದೇವಿಂದ್ರ ಆದೇಶದ ನಾಲ್ಕು ತುಂಡುಗಳನ್ನು ಒಂದೊಂದಾಗಿ ಆರಿಸಿ ಜೇಬಿಗೆ ಹಾಕಿಕೊಂಡ. ಕಡೆಗೆ, “ಭಾಳ ಚಲೋ ಆಯ್ತು,” ಎಂದ.